ಬೋನಿನೊಳಗೆ ಚಾಚಿದ ಕೈ

ಬೈರಕೂರಿನ ಹಿರಿಯರೇ, ತಾಯಂದಿರೇ, ಕದಿರೇಶಣ್ಣನ ಮನೆಯವರಾದ ಮುನಿಯಲ್ಲಮ್ಮನವರೇ, ಮಗಳು ರಜನಿ — ಎಲ್ಲರಿಗೂ ನಮಸ್ಕಾರ. ನಾನು ಶಿವಶಂಕರ್. ಮೃಗಾಲಯದಲ್ಲಿ, ನಮ್ಮನ್ನು ಬಿಟ್ಟುಹೋದ ಕದಿರೇಶಣ್ಣನವರ ಜೊತೆ ಹತ್ತೊಂಬತ್ತು ವರ್ಷ ಪ್ರಾಣಿಗಳನ್ನು ನೋಡಿಕೊಂಡವನು. ನನಗಿಂತ ಮುಂಚೆ ಮಾತಾಡಿದವರೆಲ್ಲ ಅವರನ್ನು 'ಪ್ರಾಣಿಪ್ರೇಮಿ' ಅಂದರು. ಹೌದು. ಆ ಪ್ರೀತಿ ಅವರನ್ನು ಎಷ್ಟು ಕೊರೀತಿತ್ತು ಅಂತ ನನಗೆ ಗೊತ್ತು.

ಹನ್ನೊಂದು ವರ್ಷದ ಹಿಂದೆ ನಿಮ್ಮ ಮಾವಿನ ತೋಪಿನ ಬಾವಿಗೆ ಕರಡಿಮರಿ ಬಿತ್ತಲ್ಲ — ನೆನಪಿದೆಯಾ? ಹಗ್ಗ ತಂದವರೂ ನೀವೇ, ಕಲ್ಲು ಹಿಡಿದವರೂ ನೀವೇ. ರಜಕ್ಕೆ ಬಂದಿದ್ದ ಕದಿರೇಶಣ್ಣ — ಹೀಗೆ, ಎರಡೂ ಕೈ ಅಡ್ಡ ಹಿಡಿದು — "ಏಯ್, ಹೊಡೀಬೇಡ್ರೋ! ಒಂದ್ ತಿಂಗಳು ನಾನ್ ನೋಡ್ಕೊಂತೀನಿ. ಆಮೇಲೆ ಬೆಟ್ಟಕ್ಕೇ ಬಿಡ್ತೀವಿ" ಅಂದರು. ಊರಿಗೆ ಕೊಟ್ಟ ಮಾತು ಅದು.

ಮೃಗಾಲಯದ ಬೋನು ಸೇರಿದ ಮರಿ ಮೂರು ದಿನ ಏನೂ ಮುಟ್ಟಲಿಲ್ಲ. ಕೈಯಿಂದ ತಿನ್ನಿಸಬೇಡಿ ಅಂತ ಡಾಕ್ಟರು ಹೇಳಿದ್ದರು. ಇವರು ಕೇಳ್ತಾರಾ? ನಮ್ಮ ಕಡೆ ಮನೆಗೆ ಬಂದವರನ್ನ ಹಸಿದ ಹೊಟ್ಟೇಲಿ ಮಲಗಿಸೋದುಂಟಾ? ಮುನಿಯಲ್ಲಮ್ಮ ಬುತ್ತಿಗೆ ಕಟ್ಟಿದ್ದ ಮುದ್ದೆಗೆ ಬೆಲ್ಲ ಹಿಸುಕಿ, ಸರಳಿನೊಳಗೆ ಕೈ ಚಾಚಿ, ತೆಲುಗಲ್ಲೇ ಮಗುವಿನಂತೆ ಮುದ್ದು ಮಾಡಿದರು — "ತಿನು ನಾಯನಾ, ತಿನು."

ತಿಂತು.

ತಿಂಗಳಾದ ಮೇಲೆ ಪರೀಕ್ಷೆ. ಮನುಷ್ಯರನ್ನು ಕಂಡರೆ ಮರಿ ಓಡಿಹೋಗಬೇಕು. ಅದು ಓಡಿತು — ಕದಿರೇಶಣ್ಣನ ಕಡೆಗೇ. ಅಂಗೈ ನೆಕ್ಕಿತು. "ಬಿಟ್ಟರೆ ಊರಿಗೇ ಬರುತ್ತದೆ" ಅಂತ ಡಾಕ್ಟರು ಬರೆದರು. ಬೀಗ ಬಿತ್ತು. "ನಾನೇ ಹಾಕಿದ ಬೀಗ ಕಣೋ ಶಂಕ್ರ" ಅಂತ ಕೊನೇವರೆಗೂ ಅನ್ನುತ್ತಿದ್ದರು.

ಅವರೊಬ್ಬರೇ ಹಾಕಿದ್ದಾ? ಹಿಂದೆ ರಾಜರು ಬೋನು ಇಟ್ಟುಕೊಂಡು ವೈಭವ ಅಂದರು. ಆಮೇಲೆ ಟಿಕೆಟ್ ಇಟ್ಟು ಮನರಂಜನೆ ಅಂದರು. ಈಗ ನಾವು ಸಂರಕ್ಷಣೆ ಅಂತೀವಿ. ಬೋರ್ಡು ಬದಲಾಯಿತು — ಬೋನು? ಮರ ಇರುವ ದೊಡ್ಡ ಆವರಣಕ್ಕಾದರೂ ಕಳಿಸಿ ಅಂತ ಕದಿರೇಶಣ್ಣ ಆರು ಅರ್ಜಿ ಕೊಟ್ಟರು. "ಜನ ಬರೋದೇ ಕರಡಿ ನೋಡೋಕೆ ಕಣಯ್ಯ" ಅಂದರು ಸಾಹೇಬರು. ಅರ್ಜಿ ಓದದವರು ಇವತ್ತು ಹಾರ ಕಳಿಸಿದ್ದಾರೆ. ಅಗೋ ನೋಡಿ — ಎಲ್ಲಕ್ಕಿಂತ ದೊಡ್ಡದು ಅದೇ.

ಎದೆನೋವು ಬಂದು ಅವರು ಆ ಬೋನಿನ ಎದುರೇ ಕುಸಿದರು. ಅವತ್ತಿಂದ ಕರಡಿ ಸರಿಯಾಗಿ ತಿಂತಿಲ್ಲ. ನಿನ್ನೆ ನಾನೂ ಮುದ್ದೆ ಹಿಡಿದು ಕೈ ಚಾಚಿದೆ. ಮೂಸಿತು. ಆಮೇಲೆ ನನ್ನ ಹಿಂದೆ, ಅವರು ಬರುತ್ತಿದ್ದ ದಾರಿ ನೋಡುತ್ತಾ ನಿಂತಿತು.

ಏಳನೇ ಅರ್ಜಿ ನಾನು ಬರೆದು ತಂದಿದ್ದೀನಿ. ಮಾತು ಕೊಟ್ಟಿದ್ದು ಊರಿಗೆ, ಊರೇ ಕೇಳಲಿ — ಹೋಗುವಾಗ ಎಲ್ಲರೂ ಸಹಿ ಹಾಕಿ.

ಈಗ ದಯವಿಟ್ಟು ಎದ್ದು ನಿಲ್ಲಿ. ಎರಡು ನಿಮಿಷ, ಮಾತಿಲ್ಲದೆ. ಕಾಲು ಜೋಮು ಹಿಡಿದರೂ ಯಾರೂ ಅಲ್ಲಾಡಬೇಡಿ — ಆ ಕರಡಿ ಹನ್ನೊಂದು ವರ್ಷದಿಂದ ಹಾಗೇ ನಿಂತಿದೆ.