ಪುಸ್ತಕದಲ್ಲಿ ಸಿಗದ ಶ್ರೀಲತಾ

ಮಧುಗಿರಿ ಬಸ್ ಸ್ಟ್ಯಾಂಡಿನಲ್ಲಿ ಕಡ್ಲೆಕಾಯಿ ಮಾರುವ ಕದರಪ್ಪನ ಪಕ್ಕದಲ್ಲೇ ಅಜ್ಜಿ, ಮೊಮ್ಮಗಳು ಶಿರಾ ಬಸ್ಸಿಗೆ ಕಾಯುತ್ತ ಕುಳಿತಿದ್ದರು. ಹಟ್ಟಿಗೆ ಬಂದು ಅಜ್ಜಿಯ ಸತ್ತ ಮಗಳ ಕಥೆ ಕೇಳಿಕೊಂಡು ಹೋಗಿದ್ದ ಕಾನೂನು ಪ್ರೊಫೆಸರ್ ಮೇಡಂ ಬರೆದು ಕಳಿಸಿದ್ದ ಪುಸ್ತಕ ಮೊಮ್ಮಗಳ ಕೈಯಲ್ಲಿತ್ತು.

“ಮೇಡಮ್ಮು ಏನ್ ಬರ್ದವ್ರೆ, ಓದವ್ವ.”

ಮೊಮ್ಮಗಳು ಮೇಡಂ ಹಾಗೆ ಗಂಟಲು ದಪ್ಪ ಮಾಡಿ ಓದಿದಳು. “ಸಂಸ್ಕೃತಿಗಳು ನೂರಾರಿರಲಿ. ಆದರೆ ಹಸಿ ಬಾಣಂತಿಯನ್ನು ಊರಾಚೆಯ ಗುಡಿಸಲಲ್ಲಿಟ್ಟು ಚಳಿಗೆ ಸಾಯಗೊಡುವುದು ಮಾನವ ಹಕ್ಕಿನ ಉಲ್ಲಂಘನೆ.”

“ಥೇಟ್ ಅವರಂಗೇ ಕಣೇ! ನನ್ ಮಗಳ ಹೆಸ್ರು ಓದು.”

“ಅಜ್ಜಿ... ಶ್ರೀಲತಾ ಅಂತ ಇಲ್ಲ. ಕಮಲಾ ಅಂತ ಬದಲಾಯಿಸವ್ರೆ. ಚಿಕ್ಕಮ್ಮನ ಮರ್ಯಾದೆ ಕಾಪಾಡಕ್ಕಂತೆ.”

“ಹಟ್ಟಿಯೋರೂ ಮರ್ಯಾದೆ ಅಂತ್ಲೇ ಅವಳ್ನ ಆಚೆಗಿಟ್ಟಿದ್ದು ಕಣಮ್ಮ.”



“ಪೆನ್ನಲ್ಲಿ ತಿದ್ದಲಾ ಅಜ್ಜಿ?”

“ಇದೊಂದ್ರಲ್ಲಿ ತಿದ್ದುದ್ರೆ ನಾವಿಬ್ರೇ ತಾನೇ ನೋಡೋದು,” ಎನ್ನುತ್ತ ಅಜ್ಜಿ ಶಿರಾ ಬಸ್ಸಿನತ್ತ ನಡೆದಳು.