ಒಂದನೇ ನಂಬರಿನ ಹಳದಿ ಚೀಟಿ

ಪೀಣ್ಯದ ಮೊಟ್ಟಮೊದಲ ಲೇತ್ ಯಂತ್ರವನ್ನು ಯಶವಂತಪುರದಿಂದ ಒಬ್ಬನೇ ಹೆಗಲ ಮೇಲೆ ಹೊತ್ತು ತಂದ ಆಂಜಿನಪ್ಪ ನಾನು. ಅಗಲಿದ ಆವಲಪ್ಪನ ಪತ್ನಿ ಯಮುನಮ್ಮನವರಿಗೆ, ಬಾಗಲಗುಂಟೆಯ ಬಂಧುಗಳಿಗೆ, ನಮ್ಮ ಕಾರ್ಖಾನೆಯ ಮಿತ್ರರಿಗೆ ನಮಸ್ಕಾರ. — ನಗಬೇಡಿ. ದುಃಖದ ಸಭೆ.

ಆವಲಪ್ಪನೂ ನಾನೂ ಇಪ್ಪತ್ತಾರು ವರ್ಷ ಒಂದೇ ಇನ್‌ಸ್ಪೆಕ್ಷನ್ ಟೇಬಲ್‌ನಲ್ಲಿ ಕೂತವರು. ಅವನ ಹುಚ್ಚು ನಿಮಗೆ ಗೊತ್ತು. ಅಮೆರಿಕದ ದಕ್ಷಿಣದ ಯಾವುದೋ ಊರಲ್ಲಿ ನಾಲ್ಕು ಹುಡುಗರು ಸೇರಿ, ದೊಡ್ಡ ಕಂಪನಿಗಳ ಹಂಗಿಲ್ಲದೆ ನಡೆಸಿದ ಹಿಪ್-ಹಾಪ್ ರೆಕಾರ್ಡ್ ಕಂಪನಿ. ಹೊರತಂದದ್ದು ಮೂವತ್ತೊಂದೇ ಆಲ್ಬಂ. ನಮ್ಮಲ್ಲಿಗೆ ಮೆಷಿನ್ ಕೂರಿಸಲು ಬಂದ ಅಲ್ಲಿನ ಎಂಜಿನಿಯರ್ ಒಂದನ್ನು ಕೊಟ್ಟು ಹೋದ. ಉಳಿದದ್ದಕ್ಕಾಗಿ ಇವನು ಹತ್ತೊಂಬತ್ತು ವರ್ಷ ಹುಡುಕಿದ. ಇಗೋ, ಫೋಟೋ ಪಕ್ಕದಲ್ಲಿ ಸಾಲಾಗಿ ನಿಂತಿವೆ.

ನನಗೆ ಮೊದಲಿಂದಲೂ ಅನುಮಾನ. “ಏನೋ ಆವ್ಲಪ್ಪ, ಅರ್ಥ ಆಯ್ತದೇನೋ ನಿಂಗೆ?” ಅಂದರೆ, “ಅವ್ರೂ ಸೂಪರ್‌ವೈಸರ್‌ಗೇ ಬೈತಿರೋದು ಕಣಣ್ಣ. ದನಿ ಕೇಳಿದ್ರೆ ಗೊತ್ತಾಗಲ್ವಾ?” ಅನ್ನುತ್ತಿದ್ದ.

ಇವತ್ತೂ ಅನುಮಾನವೇ. ಹಿಂದಿನ ಸಾಲಿನ ಕಪ್ಪು ಬ್ಯಾಗಿನವರೇ — ಹೌದು ಸಾರ್, ನೀವೇ. ನಿಮ್ಮ ಗುರುತು ಇಲ್ಲಿ ಯಾರಿಗೂ ಇಲ್ಲ. ಎಲ್ಲರೂ ಫೋಟೋಗೆ ಕೈ ಮುಗಿದರು. ನೀವು ಪಕ್ಕದ ರೆಕಾರ್ಡ್ ಎಣಿಸಿದಿರಿ. “ಒಂದನೇ ನಂಬರ್ ಇರೋದಕ್ಕೇ ಈ ಸೆಟ್‌ಗೆ ಬೆಲೆ ಮೇಡಂ. ಎಲ್ಲಾ ಅಸಲಿ ಅಂತ ಒಂದು ಸಹಿ ಹಾಕ್ಬಿಡಿ” ಅಂದದ್ದು ನನ್ನ ಕಿವಿಗೆ ಬಿತ್ತು. ಯಮುನಮ್ಮ ಸಂಜೆ ಮಾರಾಟದ ಕಾಗದಕ್ಕೆ ಸಹಿ ಹಾಕುವವರಿದ್ದಾರೆ.

ಆ ಒಂದನೇ ನಂಬರ್ ತಂದುಕೊಟ್ಟವನು ನಾನು.

ಆ ಕಂಪನಿಯ ಮೊದಲ ಆಲ್ಬಂ, ಎಲ್ಲೂ ಸಿಗದ್ದು. ವೈಟ್‌ಫೀಲ್ಡ್ ಕಡೆ ಒಬ್ಬನ ಹತ್ತಿರ ಹಿಡಿದೆ. “ಐನೂರಕ್ಕೇ ಹೊಡ್ಕೊಂಡ್ ಬಂದೆ” ಅಂತ ಕ್ಯಾಂಟೀನ್ ತುಂಬ ಸಾರಿದೆ. ಆವಲಪ್ಪ ಏನು ಮಾಡಿದ? ಹೀಗೆ — ಜೇಬಿಂದ ವರ್ನಿಯರ್ ತೆಗೆದ. ರೆಕಾರ್ಡಿನ ದಪ್ಪ ಅಳೆದ. ತನ್ನ ಹಳೇದೊಂದನ್ನು ತಂದು ಅಳೆದ. ನನ್ನ ಮುಖ ನೋಡಿದ. “ಸಕ್ಕತ್ತಾಗೈತೆ ಕಣಣ್ಣ” ಅಂದ. ಅಷ್ಟೇ.

ಮರುದಿನ ನೋಡಿದರೆ ಮಾರಿದವನ ಫೋನ್ ಸ್ವಿಚ್ ಆಫ್. ನಾನು ಬಾಯಿ ಬಿಡಲಿಲ್ಲ. ಅದು ನಕಲಿ ಅಂತ ಇವನಿಗೆ ಗೊತ್ತೋ, ಗೊತ್ತಿಲ್ಲವೋ — ಏಳು ವರ್ಷ ಇವನ ಟಿಫನ್ ಡಬ್ಬಿಯಲ್ಲಿ ಕೈ ಹಾಕಿ ತಿನ್ನುತ್ತಲೇ ಅನುಮಾನಪಟ್ಟೆ.

ಇವತ್ತು ಬೆಳಗ್ಗೆ ಇವನ್ನು ಜೋಡಿಸುವಾಗ ಒಂದನೇ ನಂಬರಿನ ಕವರೊಳಗೆ ನಮ್ಮ ಟೇಬಲ್ಲಿನ ಚೀಟಿ ಸಿಕ್ಕಿತು. ಹಸಿರು ಅಂದರೆ ಪಾಸು. ಕೆಂಪು ಅಂದರೆ ವಾಪಸು. ಇದು — ನೋಡಿ — ಹಳದಿ. ಅಳತೆ ತಪ್ಪಿದೆ, ಆದರೂ ಇಟ್ಟುಕೊಳ್ಳುತ್ತೇವೆ ಎಂದರ್ಥ. ಕೆಳಗೆ ಕಾರಣ ಬರೆಯಬೇಕು. ಬರೆದಿದ್ದಾನೆ: ‘ಆಂಜಿನಣ್ಣ ತಂದದ್ದು.’

ಯಮುನಮ್ಮ, ಆ ಸಹಿ ಹಾಕಬೇಡಿ. ನಾಳೆ ಮೋಸ ಮಾಡಿದರು ಅಂದಾರು. ಬ್ಯಾಗಿನವರೇ, ಉಳಿದ ಮೂವತ್ತನ್ನು ಆವಲಪ್ಪನೇ ಪರೀಕ್ಷಿಸಿದ್ದಾನೆ, ಹಸಿರು ಚೀಟಿಗಳಿವೆ. ಮಾತುಕತೆಗೆ ನಾನೂ ಪಕ್ಕದಲ್ಲೇ ಕೂತಿರುತ್ತೇನೆ. ಒಂದನೆಯದು ಮಾತ್ರ ಈ ಮನೆಯಲ್ಲೇ ಇರಲಿ.

ಇನ್ನು ಎಲ್ಲರೂ ಎದ್ದು ನಿಲ್ಲೋಣ. ಫೋನ್ ಆರಿಸಿ. ಎರಡು ನಿಮಿಷ ಯಾರೂ ಮಾತಾಡುವುದು ಬೇಡ, ನಾನೂ ಮಾತಾಡುವುದಿಲ್ಲ —

ಅದಕ್ಕೆ ಮೊದಲು, ಆವ್ಲಪ್ಪ, ನಿಂಗೊಂದು ಮಾತು. ಐನೂರಲ್ಲ ಕಣೋ. ಮೂವತ್ತೆರಡು ಸಾವಿರ.