ಪುಕ್ಕಟೆ ಕನ್ವರ್ಟರ್

…ಅಲ್ಲ ನಿಷತ, ಮೊದಲ ಕುಂದರು. ನಿಂತು ಕೇಳೂ ಮಾತಲ್ಲ ಇದು. ಚಾ ಹೇಳೇನಿ. ನೀ ಬ್ಯಾಡಂದ್ರ ಎರಡೂ ನಾನಽ ಕುಡೀತೇನಿ, ಮುಂಜಾನಿಂದ ಈ ಕಂಪ್ಯೂಟರ್ ಡಬ್ಬಿ ಮುಂದ ಕುಂತು ಸಾಕಾಗೇತಿ.

ನಿಮ್ಮಪ್ಪ ರಸೂಲಸಾಬ ಕಾಕಾಗ ಓದಾಕ ಬರತಿದ್ದಿಲ್ಲ, ಎಲ್ಲಾ ಬಾಯಾಗ. ಎರಡು ವರ್ಷ ಇದಽ ಖುರ್ಚಿ ಮ್ಯಾಲ ಕುಂತು ಮೊಹರಂ ರಿವಾಯತ ಪದ ಹಾಡಿದ, ನಾ ಟೈಪ್ ಮಾಡಿದೆ. ನೂರಾ ನಲವತ್ತು ಪದ. ಕಾಕಾ ತೀರಿ ಹೋಗಿ ಎಂಟು ತಿಂಗಳಾತು. ಪ್ರಿಂಟ್ ತಗಿ ಅಂದಿದ್ದಿ ನೀ, ಈ ಮೊಹರಂಗ ಬುಕ್ಕಽ ಆಗ್ತೈತಿ ಬಿಡು ಅಂದಿದ್ದೆ ನಾ…

ವಿಜಾಪುರದ ಪ್ರೆಸ್ಸಿನವ್ರು ಏನಂದ್ರು? ಈ ಹಳೇ ಫಾಂಟು ನಮಗ ನಡ್ಯಂಗಿಲ್ಲ, ಯುನಿಕೋಡ್ ಮಾಡಿ ಕೊಡ್ರಿ ಅಂದ್ರು. ನಾ ಈ ಇಂಡಿ ಊರಾಗ ಲಗ್ನಪತ್ರಿಕಿ ಮಾಡಾಂವ, ನನಗೆಲ್ಲೀದು ಯುನಿಕೋಡು? ನೆಟ್ಟಿನಾಗ ಹುಡುಕಿದೆ. ಫಾಂಟ್ ಬದಲಸೂ ಒಂದು ಕನ್ವರ್ಟರ್ ಸಿಕ್ತು, ಪುಕ್ಕಟೆ. ನಿನ್ನೆ ಅದನ್ನ ಹಾಕೂ ಹೊತ್ತಿಗೇ ಕರೆಂಟ್ ಹೋತು. ಬಂದ ಮ್ಯಾಲ ನೋಡಿದ್ರ ಯಾವ ಫೈಲೂ ತೆರೀವಲ್ಲವು.

ಯಾಕ ಹಂಗ ನೋಡ್ತಿ? ಇಂಡಿ ಊರಾಗ ಕರೆಂಟ್ ಹೋಗೂದು ಹೊಸದೇನು?

…ಆತು, ಹೋಗಿಲ್ಲ. ಯುಪಿಎಸ್ ಐತಿ. ಅದರ ಮ್ಯಾಲಽ ಬ್ಯಾಗ ಇಟ್ಟು ಕುಂತೀದಿ ನೀ.

ಸ್ಕ್ರೀನ್ ಕೆಂಪಾತು. ನಿಮ್ಮ ಫೈಲಿಗೆಲ್ಲಾ ಕೀಲಿ ಹಾಕೇವಿ, ರೊಕ್ಕ ಕಳಸ್ರಿ ಅಂತ ಬಂತು. ನಾ ನಕ್ಕೆ, ತಂಗಿ. ಖರೇನ ನಕ್ಕೆ. ಹ್ವಾದ ದೀಪಾವಳಿಗೆ ನಮ್ಮ ದೋಸ್ತ ಸಿಂದಗಿ ಯಲ್ಲಾಲಿಂಗನ ಅಂಗಡ್ಯಾಗ, ಅವನ ಕಂಪ್ಯೂಟರ್ ಸ್ಕ್ರೀನಿಗೆ ಚಾಷ್ಟಿಗೆ ಇಂಥದಽ ಸುಳ್ಳು ಕೆಂಪು ಫೋಟೋ ಹಚ್ಚಿ ಬಂದಿದ್ದೆ. ಅರ್ಧಾ ದಿನ ಅಂಗಡಿ ಬಂದ್ ಮಾಡಿ ತಲಿಗೆ ಕೈ ಹಚ್ಚಿ ಕುಂತಿದ್ದ ಪಾಪ. ಅಂವಽ ಸೇಡು ತೀರಿಸ್ಯಾನ ಅಂತ ತಿಳದೆ. ಹೋಗಿ ಚಾ ಕುಡದು ಬಂದೆ. ಇಪ್ಪತ್ತು ಮಿನಿಟು. ಬಂದು ಫೋನ್ ಹಚ್ಚಿ "ಶಹಬ್ಬಾಸ್ ಮಗನ" ಅಂದ್ರ, "ನಾ ಏನೂ ಮಾಡಿಲ್ಲೋ, ಮೊದಲ ವಾಯರ್ ಕೀಳೋ ಕಾಂತ್ಯಾ" ಅಂದ.

ನಗವಲ್ಲಿ. ಈ ಕಥಿಗೆ ಎಲ್ಲಾರೂ ನಗ್ತಾರ.

ಪೆನ್ ಡ್ರೈವಾ? ನೀ ಕೊಟ್ಟದ್ದು ಐತಲ್ಲ, ಡ್ರಾದಾಗ ಭದ್ರ ಐತಿ. ಅದರಾಗ ಎಲ್ಲಾ ಪದ ಅದಾವು. ಹಿಡಿ. ನಿಮ್ಮೂರು ಝಳಕಿಗೆ ಹೋಗಿ, ಊಟಾ ಮಾಡಿ, ಸಾವಕಾಶ ನೋಡು…

ಹಿಡಿ ಅಂದೆ. ನಿನ್ನ ಕೈ ಯಾಕ ಮುಂದ ಬರವಲ್ಲದು?

…ಹಚ್ಚಿದ್ದೆ. ಸ್ಕ್ರೀನ್ ಕೆಂಪಾದಾಗ ಈ ಪೆನ್ ಡ್ರೈವೂ ಕಂಪ್ಯೂಟರಿಗೆ ಹಚ್ಚೇ ಇತ್ತು. ಇದರಾಗೂ ಏನೂ ಉಳಿದಿಲ್ಲ.

ಆಂಟಿವೈರಸ್ ಇತ್ತು, ನಿಷತ. ತಡೀತು, ಇದು ಬ್ಯಾಡ ಅಂತು. ಅದನ್ನ ಬಂದ್ ಮಾಡಿ ಹಾಕ್ರಿ ಅಂತ ಆ ಸೈಟಿನಾಗ ಬರದಿತ್ತು, ಬಂದ್ ಮಾಡಿದೆ. ಖಾತ್ರಿ ಐತೇನು ಅಂತ ಮತ್ತ ಕೇಳ್ತು. ಹೌದು ಅಂತ ಒತ್ತಿದೆ. ಅಷ್ಟು ಲಗೂನ ಒತ್ತಿದೆ.

ಅಳಬ್ಯಾಡ. ಮೊಹರಂಗ ಇನ್ನೂ ದಿನ ಐತಿ. ಟೈಪ್ ಮಾಡಿದಾಂವ ನಾನು, ನನಗ ಬರತಾವು. ವಹಿ ತಗಿ, ಬರಕೋ. "ಕರಬಲದ ಬಯಲಾಗ ನೀರಿಲ್ಲೊ ತಮ್ಮಾ… ಕಣ್ಣಾನ ನೀರ ತಂದು ಕೊಡಲೇನೊ ತಮ್ಮಾ…"

ಬರಕೋ. ಬರಿಯವಲ್ಲಿ ಯಾಕ?

ಬರಿ, ನಿಷತ…

…ಇಲ್ಲ. ಕಾಕಾಂದಲ್ಲ ಇದು. ನಾನಽ ಈಗ ಕಟ್ಟಿದೆ.